ಕುರ್ಡಿ ಹೊಲದಲ್ಲಿ ಏಷ್ಯನ್ ಸಲಾಡ್

ಅಡುಗೆ ಅಂಥ ದೊಡ್ಡ ವಿದ್ಯೆಯೇನಲ್ಲ ಎಂದು ನಾನು ಬಹಳ ಕಾಲದಿಂದ ನಂಬಿದ್ದೆ. ಈ ನಂಬಿಕೆಗೆ ಆಧಾರವೂ ಇತ್ತು. ನಾನು ಎಂದೂ ಅಡುಗೆ ಮಾಡಿರಲಿಲ್ಲ!

ರಾಯಚೂರಿನ ಒಂದು ಪ್ರೌಢಶಾಲೆಯಲ್ಲಿ ನಾನು ಭೂಗೋಳ ಕಲಿಸುತ್ತೇನೆ. ನನ್ನ ಹೆಂಡತಿ ಮಹಾದೇವಿ ಮಾನ್ವಿ ತಾಲೂಕಿನ ಕುರ್ಡಿಯವಳು. ಪ್ರತಿ ವರ್ಷ ಎಳ್ಳಮಾವಾಸ್ಯೆಗೆ ನಾವು ಅವಳ ತವರಿನ ಹೊಲಕ್ಕೆ ಹೋಗುತ್ತೇವೆ. ಅಲ್ಲಿ ಬನ್ನಿ ಗಿಡದ ಬುಡದಲ್ಲಿ ಐದು ಕಲ್ಲಿಟ್ಟು ಪೂಜೆ ಮಾಡಿ, ಮಾವ ಬೆಳೆಯ ನಡುವೆ ಚರಗ ಚೆಲ್ಲುತ್ತಾರೆ. ಚರಗವೆಂದರೆ ಮನೆಯಲ್ಲಿ ಮಾಡಿದ ಕಡುಬು, ಅನ್ನ, ಪಲ್ಯ ಎಲ್ಲವನ್ನೂ ಕಲೆಸಿ ಭೂಮಿತಾಯಿಗೆ ಕೊಡುವ ಊಟ. ಆಕೆ ಉಂಡ ಮೇಲೆ ನಮ್ಮ ಊಟ.

ಆ ನಮ್ಮ ಊಟವೇ ನನ್ನ ಪಾಲಿನ ಪರೀಕ್ಷೆ. ಮಹಾದೇವಿಯ ಅಕ್ಕನ ಗಂಡ ವಿರುಪಣ್ಣ, ಅಂದರೆ ನನ್ನ ಷಡ್ಡಕ, ದೇವದುರ್ಗದವನು. ಅವನು ಪ್ರತಿ ವರ್ಷ ತನ್ನ ಕೈಯಾರೆ ಶೇಂಗಾ ಹೋಳಿಗೆ ಮಾಡಿ ತರುತ್ತಾನೆ. ಮಾವ ಒಂದು ತುಂಡು ಮುರಿದು ಬಾಯಿಗಿಟ್ಟು, ಕಣ್ಣು ಮುಚ್ಚಿ, "ಚಲೋ ಆಗ್ಯಾದ" ಎನ್ನುತ್ತಾರೆ. ಮಾವನದು ಮಾತು ಕಡಿಮೆ. ಅವರ ಬಾಯಿಂದ ಆ ಎರಡು ಮಾತು ಬಂದರೆ ರಾಜ್ಯ ಪ್ರಶಸ್ತಿ ಬಂದಂತೆ. ಮದುವೆಯಾದಂದಿನಿಂದ ಅವರು ನನ್ನ ಯಾವ ಕೆಲಸಕ್ಕೂ ಚಲೋ ಎಂದಿಲ್ಲ. ಹೋದ ವರ್ಷ ನಾನು ಬೇಕರಿಯಿಂದ ಖಾರಾ ಬಿಸ್ಕಿಟ್ ಒಯ್ದಿದ್ದೆ. ಮಾವ ಪೊಟ್ಟಣ ತಿರುಗಿಸಿ ನೋಡಿ, "ಎತ್ತಿಗಿ ಹಾಕಿದ್ರ ತಿಂತಾವೇನು?" ಎಂದು ಕೇಳಿದ್ದರು. ನಿಜ ಹೇಳುತ್ತೇನೆ, ನನಗೆ ಹೊಟ್ಟೆ ಉರಿದಿತ್ತು.

ಆದ್ದರಿಂದ ಈ ಸಲ ನಾನೇ ಕೈಯಾರೆ ಏನಾದರೂ ಮಾಡಿ, ಮಾವನಿಂದ ಚಲೋ ಎನಿಸಿಕೊಳ್ಳಲೇಬೇಕೆಂದು ಸಂಕಲ್ಪ ಮಾಡಿದೆ. ಹೋಳಿಗೆಗೆ ಹೋಳಿಗೆಯಿಂದಲೇ ಉತ್ತರ ಕೊಡುವುದು ಸಾಧ್ಯವಿರಲಿಲ್ಲ. ಫೋನಿನಲ್ಲಿ ಹುಡುಕಿದೆ. ಒಬ್ಬ ಹೆಣ್ಣುಮಗಳು ನಗುನಗುತ್ತಾ ಏನೋ ಕಲೆಸುತ್ತಿದ್ದಳು. ಬೇಯಿಸಿದ ಧಾನ್ಯ, ಹೆಚ್ಚಿದ ಎಲೆಕೋಸು, ಗಜ್ಜರಿ, ಹುರಿದ ಶೇಂಗಾ, ಮೇಲೆ ಕಿತ್ತಳೆ ಮತ್ತು ನಿಂಬೆಹಣ್ಣಿನ ರಸ. ಏಷ್ಯನ್ ಶೈಲಿಯ ಸಲಾಡ್ ಅಂತೆ. ಉರಿ ಕಡಿಮೆ, ಕೆಲಸ ಕಡಿಮೆ, ಗೌರವ ಜಾಸ್ತಿ!

"ಮಹಾದೇವಿ, ಈ ಸಲ ಹೊಲಕ್ಕ ಏಷ್ಯಾದ ಅಡಗಿ ಒಯ್ಯೋಣು," ಎಂದು ಘೋಷಿಸಿದೆ.

"ಏಷ್ಯಾ ಅಂದ್ರೇನ್ರಿ?"

"ಅದೊಂದು ಖಂಡ."

"ಮತ್ತ ನಾವು ಯಾವ ಖಂಡದಾಗ ಅದೀವಿ?"

ಈ ಪ್ರಶ್ನೆಯನ್ನು ನಾನು ಪ್ರತಿ ವರ್ಷ ಮಕ್ಕಳಿಗೆ ಒಂದು ಅಂಕಕ್ಕೆ ಕೇಳುತ್ತೇನೆ. ಅಂದು ನಾನೇ ಉತ್ತರ ಬಿಟ್ಟೆ.

"ಮುಂಜಾನಿಂದ ಸಂಜಿತನ ಒಲಿ ಮುಂದ ನಿಂತು ನಾ ಮಾಡೋದು ಏಷ್ಯಾದ ಅಡಗಿ ಅಲ್ಲೇನು?" ಎಂದು ಗೊಣಗುತ್ತಾ ಅವಳು ಒಳಗೆ ಹೋದಳು.

ಧಾನ್ಯಕ್ಕೆ ಕಿನ್ವಾ ಎಂಬ ವಿದೇಶಿ ಕಾಳು ಬೇಕಿತ್ತು. ಬಜಾರಿನಲ್ಲಿ ಕಿರಾಣಿ ಅಂಗಡಿಯವನನ್ನು ಕೇಳಿದರೆ ಅವನು ಗಂಭೀರವಾಗಿ, "ಯಾವ ಕಂಪನಿ ಬೀಜ ಸರ್ ಅದು? ಹತ್ತಿಯೋ ತೊಗರಿಯೋ?" ಎಂದ. ತಿನ್ನುವ ಕಾಳು ಎಂದು ತಿಳಿಸಿ ಹೇಳಿದ ಮೇಲೆ ನವಣೆ ತೂಗಿಕೊಟ್ಟ. ಆ ನವಣೆ ನಮ್ಮ ಕುಕ್ಕರಿನಲ್ಲಿ ಅಂಬಲಿಯಾಯಿತು. ಮಹಾದೇವಿ ಅದಕ್ಕೆ ಮಜ್ಜಿಗೆ, ಉಪ್ಪು ಹಾಕಿ ಕುಡಿದು, "ಚಲೋ ಆತು ಬಿಡ್ರಿ, ನನ್ನ ನಾಷ್ಟಾ ಆತು," ಎಂದಳು. ಎರಡನೆಯ ಪ್ರಯತ್ನಕ್ಕೆ ಜೋಳದ ಕಾಳು ತೆಗೆದುಕೊಂಡೆ. ಅಂಬಲಿಯಾದೀತೆಂಬ ಭಯಕ್ಕೆ ಬೇಗನೆ ಇಳಿಸಿದೆ. ಪ್ರತಿ ಕಾಳೂ ತನ್ನ ಸ್ವಾಭಿಮಾನ ಉಳಿಸಿಕೊಂಡಿತ್ತು. ಒಂದಕ್ಕೊಂದು ಅಂಟಲಿಲ್ಲ, ನನ್ನ ಬೆರಳಿಗೂ ಬಗ್ಗಲಿಲ್ಲ. ಇದೇ ಸರಿಯಾದ ಹದವೆಂದು ನಾನೇ ತೀರ್ಪು ಕೊಟ್ಟುಕೊಂಡೆ.

ಮುಂದಿನದು ರಸ. ಅದಕ್ಕೆ ಎಳ್ಳೆಣ್ಣೆ ಬೇಕು. ನಾನು ಚುರುಕಾಗಿ ಹೋಗಿ ಒಂದು ಬಾಟಲಿ ತಂದೆ. ಇನ್ನೇನು ಸುರಿಯಬೇಕು, ಮಹಾದೇವಿ ಕೈ ಹಿಡಿದಳು.

"ಎಲ್ಲಿ ತಂದ್ರಿ ಇದನ್ನ?"

"ಗುಡಿ ಮುಂದಿನ ಅಂಗಡ್ಯಾಗ."

"ಇದು ದೀಪದ ಎಣ್ಣಿ ರೀ! ಹಾಕ್ರಿ ಹಾಕ್ರಿ. ಮ್ಯಾಲೊಂದು ಬತ್ತಿ ಇಟ್ರ ನಿಮ್ಮ ಸಲಾಡು ಶನಿವಾರತನ ಉರೀತದ!"

ಮತ್ತೆ ಬಜಾರಿಗೆ ಓಡಿ ಗಾಣದ ಎಣ್ಣೆ ತಂದೆ. ಸೋಯಾ ಸಾಸ್ ಎಂಬ ಕರಿ ರಸವನ್ನು ಗೋಬಿ ಬಂಡಿಯವನ ಹತ್ತಿರ ಕಾಡಿಬೇಡಿ ಇಸಿದುಕೊಂಡೆ. ಒಂದು ಚಮಚ ಹಾಕಲು ಹೋದರೆ ಪ್ಲಾಸ್ಟಿಕ್ ಚೀಲ ಒಡೆದು ಪೂರ್ತಿ ಬಿತ್ತು. ಉಪ್ಪಾಯಿತೆಂದು ಜೇನು ಸುರಿದೆ. ಸಿಹಿಯಾಯಿತೆಂದು ನಿಂಬೆ ಹಿಂಡಿದೆ. ಕಿತ್ತಳೆಯ ಸಿಪ್ಪೆಯನ್ನು ನವಿರಾಗಿ ತುರಿಯಬೇಕು ಎಂದಿದ್ದಳು ಆ ಹೆಣ್ಣುಮಗಳು. ತುರಿಯುವ ಬದಲು ನಾನು ಸಿಪ್ಪೆ, ಬೀಜ, ನಾರು ಎಲ್ಲ ಸೇರಿಸಿ ಮಿಕ್ಸರಿಗೆ ಹಾಕಿದೆ. ಕಾಲ ಉಳಿಯಿತು!

"ರುಚಿ ನೋಡ್ರಿ ಒಂಚೂರು," ಎಂದಳು ಮಹಾದೇವಿ.

"ಯಾರೂ ಮುಟ್ಟಬ್ಯಾಡ್ರಿ. ಮೊದಲ ತುತ್ತು ಮಾವಾರದು," ಎಂದು ಖಡಾಖಂಡಿತವಾಗಿ ಹೇಳಿದೆ. ನಾನೂ ನೋಡಲಿಲ್ಲ. ಒಳಗೊಳಗೆ ಧೈರ್ಯ ಬರಲಿಲ್ಲ ಎಂಬುದು ಬೇರೆ ವಿಷಯ.

ದೊಡ್ಡ ಸ್ಟೀಲ್ ಬೋಗುಣಿಗೆ ತುಂಬಿ, ಮೇಲೆ ಕಿತ್ತಳೆ ತೊಳೆಗಳನ್ನು ಸುತ್ತಲೂ ಜೋಡಿಸಿ, ನಡುವೆ ಅರ್ಧ ನಿಂಬೆಹಣ್ಣು ಇಟ್ಟು, ಬಿಳಿ ಬಟ್ಟೆ ಕಟ್ಟಿದೆ. ಬಸ್ಸಿನಲ್ಲಿ ಅದನ್ನು ತೊಡೆಯ ಮೇಲಿಟ್ಟುಕೊಂಡು ಕುಳಿತಾಗ, ಪಕ್ಕದ ಅಜ್ಜಿ ಭಕ್ತಿಯಿಂದ ಕೈ ಮುಗಿದಳು.

"ಚರಗ ಏನೋ ಯಪ್ಪಾ?"

"ಅಲ್ಲಬೇ ಯವ್ವಾ. ಏಷ್ಯನ್ ಸಲಾಡ್."

"ಅದು ಯಾವ ದೇವರಿಗಿ ನಡೀತದೋ?"

ಆ ಅಜ್ಜಿಯ ಮಾತಿಗೆ ನಾನು ನಕ್ಕೆ. ಕಿವಿಗೊಟ್ಟು ಕೇಳಬೇಕಿತ್ತು.

ಹೊಲದಲ್ಲಿ ಎಲ್ಲರೂ ಬಂದಾಗಿತ್ತು. ಜೋಳ ತೆನೆ ಬಿಚ್ಚಿ ನಿಂತಿತ್ತು. ವಿರುಪಣ್ಣ ಹೋಳಿಗೆಯ ಡಬ್ಬಿಯನ್ನು ಎಲ್ಲರಿಗೂ ಕಾಣುವಂತೆ ಟ್ರ್ಯಾಕ್ಟರಿನ ಟ್ರಾಲಿಯ ಮೇಲಿಟ್ಟು, ನನ್ನ ಬೋಗುಣಿ ನೋಡಿ, "ಏನು ಮಾಸ್ತರ, ಈ ಸಲ ಬಿಸ್ಕಿಟ್ ಇಲ್ಲೇನು?" ಎಂದ. ನನ್ನ ಉತ್ತರ ಬೋಗುಣಿಯಲ್ಲಿತ್ತು. ಅದನ್ನು ತಂಪಾದ ಜಾಗದಲ್ಲಿಡಬೇಕೆಂದು ವಿಡಿಯೊದಲ್ಲಿ ಹೇಳಿದ್ದರು. ಇಡೀ ಹೊಲದಲ್ಲಿ ತಂಪಾದ ಜಾಗವೆಂದರೆ ಬನ್ನಿ ಗಿಡದ ಬುಡ. ಪೂಜೆಯ ಐದು ಕಲ್ಲುಗಳ ಪಕ್ಕದಲ್ಲೇ ಇಟ್ಟೆ. ಇದೇ ನನ್ನ ಬುದ್ಧಿವಂತಿಕೆಯ ಶಿಖರ! ಅತ್ತೆ ಚರಗದ ಬೋಗುಣಿಯನ್ನು ಟ್ರಾಲಿಯ ನೆರಳಿನಲ್ಲಿ ಇಟ್ಟಿದ್ದರು. ಅದರ ಮೇಲೂ ಬಿಳಿ ಬಟ್ಟೆಯೇ.

ಪೂಜೆ ಮುಗಿಯಿತು. ಚರಗ ಚೆಲ್ಲುವವರ ಹಿಂದೆ ಒಬ್ಬರು ತಂಬಿಗೆಯಿಂದ ನೀರು ಚಿಮುಕಿಸುತ್ತಾ ಹೋಗಬೇಕು. ಅದು ಪ್ರತಿ ವರ್ಷ ವಿರುಪಣ್ಣನ ಮರ್ಯಾದೆ. ಈ ಸಲ ಅವನಿಗೆ ಮೊಣಕಾಲು ನೋವು.

"ಅಳಿಯಾರ, ನೀವು ಬರ್ರಿ," ಎಂದು ಮಾವ ತಂಬಿಗೆ ನನ್ನ ಕೈಗೆ ಕೊಟ್ಟರು. ನನಗೆ ಎದೆ ಉಬ್ಬಿತು. ಆ ಉಬ್ಬಿದ ಎದೆ ಅಡ್ಡ ಬಂದು, ಮಾವ ಯಾವ ಬೋಗುಣಿ ಎತ್ತಿಕೊಂಡರೆಂದು ಕಾಣಲಿಲ್ಲ.

ಇಲ್ಲಿ ಒಂದು ನಿಯಮ ಹೇಳಬೇಕು. ಚರಗ ಚೆಲ್ಲುವಾಗ ಹಿಂದೆ ತಿರುಗಬಾರದು, ನಡುವೆ ನಿಲ್ಲಬಾರದು, ಬೇರೆ ಮಾತು ಆಡಬಾರದು. "ಹುಲ್ಲುಲ್ಲಿಗೋ" ಎಂದು ಕೂಗುತ್ತಾ ಹೋಗಬೇಕು, ಅಷ್ಟೇ. ಮಾವ ಮುಂದೆ, ನಾನು ಹಿಂದೆ, ಜೋಳದ ಸಾಲಿನಲ್ಲಿ ಹೊರಟೆವು. ಮಾವ ಒಂದು ಹಿಡಿ ಎರಚಿದರು. ನಾನು ನೀರು ಚಿಮುಕಿಸಿದೆ. ಇನ್ನೊಂದು ಹಿಡಿ ಎರಚಿದರು. ಜೋಳದ ಗರಿಯ ಮೇಲೆ ಒಂದು ಕಿತ್ತಳೆ ತೊಳೆ ಬಂದು ಕುಳಿತಿತು!

ಅದು ನಾನೇ ಜೋಡಿಸಿದ ತೊಳೆ.

"ಮಾವಾರ..." ಎಂದೆ.

ಮಾವ ತಿರುಗದೆಯೇ ಬಲಗೈ ಎತ್ತಿ ಬಾಯಿ ಮುಚ್ಚಲು ಸನ್ನೆ ಮಾಡಿ, "ಹುಲ್ಲುಲ್ಲಿಗೋ!" ಎಂದು ಕೂಗಿದರು.

"ಹುಲ್ಲುಲ್ಲಿಗೋ... ಅದು ನನ್ನ ಬೋಗುಣಿಗೋ!" ಎಂದೆ.

"ಹುಲ್ಲುಲ್ಲಿಗೋ!"

"ಹುಲ್ಲುಲ್ಲಿಗೋ... ಸಲಾಡಿಗೋ! ಒಂಚೂರು ಉಳಸಿಗೋ!"

ಮಾವನಿಗೆ ಕಿವಿ ಸ್ವಲ್ಪ ಮಂದ. ಅಳಿಯನ ದನಿ ಏರಿದಷ್ಟೂ ಅವರಿಗೆ ಹುಮ್ಮಸ್ಸು ಏರಿತು. ಹಿಡಿ ದೊಡ್ಡದಾಯಿತು. ಪಕ್ಕದ ಹೊಲದವರು ಬದುವಿನ ಮೇಲೆ ನಿಂತು, "ಮಾಸ್ತರಗ ಭಕ್ತಿ ಭಾಳ ಅದ ನೋಡ್ರಿ," ಎಂದು ಮಾತಾಡಿಕೊಂಡರು. ನಾನು ಮಾಡಿದ ಸಲಾಡ್ ಕಣ್ಣೆದುರೇ ಮಣ್ಣು ಸೇರುತ್ತಿತ್ತು. ಅದರ ಮೇಲೆ ನಾನೇ ಶ್ರದ್ಧೆಯಿಂದ ನೀರು ಹಾಕುತ್ತಿದ್ದೆ!

ಬರಿದಾದ ಬೋಗುಣಿಯೊಂದಿಗೆ ಬನ್ನಿ ಗಿಡದ ಹತ್ತಿರ ಬಂದಾಗ ಅತ್ತೆ ಎದೆಯ ಮೇಲೆ ಕೈಯಿಟ್ಟುಕೊಂಡು ನಿಂತಿದ್ದರು.

"ಚರಗ ಇಲ್ಲೇ ಅದಲ್ರಿ! ನೀವೇನು ಚೆಲ್ಲಿ ಬಂದ್ರಿ?"

ಎಲ್ಲರೂ ನನ್ನನ್ನು ನೋಡಿದರು. ನಾನು ಬೋಗುಣಿಯನ್ನು ನೋಡಿದೆ. ವಿರುಪಣ್ಣ ಮೊದಲು ನಕ್ಕ. ಮೊಣಕಾಲು ನೋವು ಮರೆತು ಕುಣಿದು ನಕ್ಕ. ಮಾವ ಮಾತ್ರ ನಗಲಿಲ್ಲ. ಭೂಮಿತಾಯಿಗೆ ಕೊಡುವುದರಲ್ಲಿ ತಪ್ಪಾದರೆ ಆ ಮನುಷ್ಯ ವರ್ಷವಿಡೀ ಕೊರಗುತ್ತಾರೆ. ಹೊಗಳಿಕೆ ಹಾಳಾಗಿ ಹೋಗಲಿ, ಇವರ ಹಬ್ಬ ಕೆಡಿಸಿದೆನಲ್ಲ ಎಂದು ನನಗೆ ನಿಜಕ್ಕೂ ಸಂಕಟವಾಯಿತು.

"ಅಳಿಯಾರ, ಇದನ್ನ ಯಾರರ ರುಚಿ ನೋಡಿದ್ರೇನು?" ಮಾವ ಮೆಲ್ಲಗೆ ಕೇಳಿದರು.

"ಇಲ್ರಿ ಮಾವಾರ. ಯಾರೂ ಇಲ್ಲ. ನಾನೂ ನೋಡಿಲ್ಲ."

"ಹಂಗಾರ ಎಂಜಲಾಗಿಲ್ಲ. ಮೀಸಲಾ ಇತ್ತು. ತಪ್ಪಿಲ್ಲ," ಎಂದು ಉಸಿರು ಬಿಟ್ಟರು.

ಆದರೂ ಮನೆಯ ಚರಗ ಬಿಡುವಂತಿಲ್ಲವೆಂದು, ಅತ್ತೆಯ ಬೋಗುಣಿ ಹಿಡಿದು ಇನ್ನೊಂದು ಸುತ್ತು ಹೋಗಿ ಬಂದರು. ಬಂದವರು ಕೈ ತೊಳೆದುಕೊಳ್ಳುತ್ತಾ, ಉಗುರಿನ ಸಂದಿಯ ಕಡುಬು ತೆಗೆಯುತ್ತಾ, ಅತ್ತೆಯ ಕಡೆ ನೋಡಿದರು.

"ನಿಂದು ಕೈಗಿ ಅಂಟತದ. ಹೆಂಟಿ ಹೆಂಟಿ ಬೀಳ್ತದ. ಅಳಿಯಾರ್ದು ನೋಡು, ಬೀಜ ಬಿತ್ತಿದಂಗ ಉದುರತಿತ್ತು. ನಾಕೂ ಮೂಲಿಗಿ ಸಮ ಬಿತ್ತು." ಆಮೇಲೆ ನನ್ನ ಕಡೆ ತಿರುಗಿ, ಕಣ್ಣು ಮುಚ್ಚಿ ಹೇಳಿಯೇಬಿಟ್ಟರು. "ಚಲೋ ಆಗಿತ್ರಿ ಅಳಿಯಾರ."

ವಿರುಪಣ್ಣನ ನಗು ನಿಂತಿತು. ನಾನು ಇಷ್ಟು ವರ್ಷ ಕಾದ ಮಾತು! ಅಷ್ಟಕ್ಕೇ ಸುಮ್ಮನಿರುವ ಬದಲು ಬಾಯಿ ಬಿಟ್ಟೆ.

"ಮಾವಾರ, ಅದರ ರುಚಿನೂ..."

"ರುಚಿ ಭೂಮಿತಾಯಿ ನೋಡ್ಯಾಳ ಬಿಡ್ರಿ. ಆಕಿ ಏನೂ ಅಂದಿಲ್ಲ," ಎಂದು ಮಾವ ಹೋಳಿಗೆ ಮುರಿದರು.

ಸಂಜೆ ಹೊರಡುವ ಮುಂಚೆ ಮಹಾದೇವಿ ನನ್ನ ಬೋಗುಣಿಯ ತಳದಲ್ಲಿ ಬೆರಳಾಡಿಸಿ, ಅಂಟಿದ್ದ ನಾಲ್ಕು ಕಾಳು ಬಾಯಿಗೆ ಹಾಕಿಕೊಂಡಳು. ನಾನು ಅವಳ ಮುಖವನ್ನೇ ನೋಡುತ್ತಾ ನಿಂತೆ. ಅವಳು ಬಹಳ ಹೊತ್ತು ಅಗಿದಳು. ಕಣ್ಣಲ್ಲಿ ನೀರು ಬಂತು. ತಂಬಿಗೆಯಲ್ಲಿ ಉಳಿದಿದ್ದ ನೀರನ್ನೆಲ್ಲ ಕುಡಿದಳು.

"ಹೆಂಗದ?"

"ಭೂಮಿತಾಯಿಗಿ ಸಹನಿ ಭಾಳ ಅಂತಾರಲ್ರಿ," ಎಂದಳು. "ಖರೇ ಅದ."

ಮುಂದಿನ ಎಳ್ಳಮಾವಾಸ್ಯೆಗೂ ಚರಗ ನಾನೇ ಮಾಡಿ ತರಬೇಕೆಂದು ಮಾವ ಈಗಾಗಲೇ ಹೇಳಿ ಕಳಿಸಿದ್ದಾರೆ. ನಾನು ಒಪ್ಪಿದ್ದೇನೆ. ಹದ ತಪ್ಪಬಾರದೆಂದು ಆಗಾಗ ಅಡುಗೆಮನೆಗೆ ಹೋಗಿ ಅಭ್ಯಾಸ ಮಾಡುತ್ತೇನೆ. ನಾನು ಹೊಸ್ತಿಲು ದಾಟುವುದನ್ನು ಕಂಡರೆ ಸಾಕು, ಮಹಾದೇವಿ ಕೇಳುತ್ತಾಳೆ:

"ತಿನ್ನಾಕೋ, ಚೆಲ್ಲಾಕೋ?"