ಕರಡಿಯೊಳಗಿನ ಕಲಾವಿದರು

ಎಲ್ಲ ಶುರುವಾದದ್ದು ಒಂದು ಫೋನ್ ಕರೆಯಿಂದ. ಟಿವಿಯವರು ಹಳೆಯ ಮಕ್ಕಳ ಕಾರ್ಯಕ್ರಮವೊಂದನ್ನು ನೆನಪಿಸಿಕೊಳ್ಳುತ್ತಾರಂತೆ, ಅದರಲ್ಲಿ ಕರಡಿಯಾಗಿ ಕುಣಿಯುತ್ತಿದ್ದವರು ಸಂಜೆ ನೇರಪ್ರಸಾರಕ್ಕೆ ಬರಬೇಕಂತೆ.

ಆ ಕರಡಿ ನಮ್ಮ ಕಲಾವಿದರು. ಕಲಾವಿದರು ಎಂಬುದು ಬೀದಿಯವರು ಗೇಲಿಗೆ ಇಟ್ಟ ಹೆಸರು. ವರ್ಷಗಟ್ಟಲೆ ವೇಷದೊಳಗೆ ಬೆವರು ಸುರಿಸಿದ್ದರೂ ಪಾಪ, ಅವರ ಮುಖ ಒಂದು ಸಲವೂ ಟಿವಿಯಲ್ಲಿ ಬಂದಿರಲಿಲ್ಲ.

"ಒಳಗಿದ್ದದ್ದು ನೀವೇ ಅಂತ ಏನು ಗ್ಯಾರಂಟಿ ಭಾವ?" ಎಂದು ಹೆಂಡತಿಯ ತಮ್ಮ ಇವರ ಮದುವೆಯಾದಂದಿನಿಂದ ಪ್ರಾಣ ಹಿಂಡುತ್ತಿದ್ದ.

"ಇವತ್ತು ಸಂಜೆ ಕಣ್ಣು ಬಿಟ್ಕೊಂಡು ನೋಡೋ!" ಎಂದರು ಕಲಾವಿದರು.

ಸುದ್ದಿ ಕೇಳಿ ಬೀದಿಯೇ ಮನೆಗೆ ನುಗ್ಗಿತು. ಕ್ಷೌರದವನು ಮೀಸೆ ಸರಿಮಾಡಲು ಹೊರಟ. ಎಡಕ್ಕೊಂದಿಷ್ಟು, ಬಲಕ್ಕೊಂದಿಷ್ಟು ಕತ್ತರಿಸಿ ಕೊನೆಗೆ ಮೀಸೆಯನ್ನೇ ಮಂಗಮಾಯ ಮಾಡಿದ. ಇಸ್ತ್ರಿಯವನು ಮಾತಿನ ಭರದಲ್ಲಿ ಇದ್ದೊಂದು ಒಳ್ಳೆಯ ಅಂಗಿಯ ಬೆನ್ನು ಸುಟ್ಟ.

"ನನ್ನ ಕೋಟು ಹಾಕ್ಕೊಳ್ಳಿ, ಬೆನ್ನು ಮುಚ್ಚುತ್ತೆ," ಎಂದ ಭಾವಮೈದ. "ಆದ್ರೆ ಕೋಟು ಹೋದ ಕಡೆ ನಾನೂ ಬರ್ತೀನಿ."

ಸ್ಟುಡಿಯೋದಲ್ಲಿ ನೋಡಿದರೆ ಬೇರೆಯೇ ಗಲಾಟೆ. ಇವತ್ತು ಕುಣಿಯಲೆಂದು ಕರಡಿವೇಷ ಹಾಕಿದ್ದವನು ಅದರ ಸೆಕೆಗೆ ತಲೆಸುತ್ತಿ ಬಿದ್ದಿದ್ದ.

"ಸಾರ್, ಆ ನಡಿಗೆ ನಿಮಗೆ ಬಿಟ್ಟರೆ ಯಾರಿಗೂ ಬರಲ್ಲ," ಎಂದು ನಿರ್ದೇಶಕ ಕೈಮುಗಿದ. "ನೀವೇ ಹಾಕ್ಕೊಳ್ಳಿ. ಕೊನೇಲಿ ಕರಡಿ ತಲೆ ತೆಗೆಸಿ ನಿಮ್ಮ ಮುಖ ತೋರಿಸ್ತೀವಿ."

"ಹಂಗಾದ್ರೆ ಅತಿಥಿ ಕುರ್ಚೀಲಿ ಯಾರು?"

"ಅಲ್ಲೀವರೆಗೂ ನಿಮ್ಮ ಭಾವಮೈದ ಕೂತ್ಕೊಳ್ಳಲಿ, ನಿಮ್ಮ ಬಗ್ಗೆ ನಾಲ್ಕು ಮಾತಾಡ್ಲಿ."

ಮುಖ ತೋರಿಸುತ್ತಾರೆಂಬ ಒಂದೇ ಆಸೆಗೆ ಕಲಾವಿದರು ಕೋಟು ಕಳಚಿ ಕರಡಿಯೊಳಗೆ ಇಳಿದರು. ಭಾವಮೈದ ಕೋಟು ಏರಿಸಿ ಕುರ್ಚಿಯಲ್ಲಿ ಕೂತ. ಒಳಗಿನ ಈ ಏರ್ಪಾಟನ್ನು ನಿರೂಪಕಿಗೆ ಹೇಳಲು ಗಡಿಬಿಡಿಯಲ್ಲಿ ಯಾರಿಗೂ ನೆನಪಾಗಲಿಲ್ಲ.

"ಅಷ್ಟು ವರ್ಷ ಕರಡಿಯಾಗಿದ್ದವರು ಈಗ ನಮ್ಮ ಮುಂದಿದ್ದಾರೆ!" ಎಂದು ಆಕೆ ಭಾವಮೈದನ ಕೈಕುಲುಕಿದಳು.

ಅವನು ಒಂದು ಕ್ಷಣ ತಬ್ಬಿಬ್ಬಾದ. ಅಷ್ಟರಲ್ಲಿ ಚಪ್ಪಾಳೆ ಬಿತ್ತು. ಬಿದ್ದದ್ದೇ ತಡ, ಎದೆಯುಬ್ಬಿಸಿ, "ಏನು ಹೇಳಲಿ ಮೇಡಂ, ಒಳಗೆ ಬೆಂಕಿಯಂಥ ಸೆಕೆ!" ಎಂದು ಶುರುಹಚ್ಚಿಕೊಂಡ. ಇಷ್ಟು ವರ್ಷ ಭಾವ ಹೇಳಿ ಗೋಳಾಡಿದ್ದನ್ನೆಲ್ಲ ಒಂದಕ್ಷರ ಬಿಡದೆ ಒಪ್ಪಿಸಿದ. ಕಲಾವಿದರು ಒಳಗೇ ಕುದಿದುಹೋದರು. ಕೂಗೋಣವೆಂದರೆ, ನೋಡುವ ಮಕ್ಕಳು ಹೆದರಿಯಾರು! ಹೇಗೂ ತಲೆ ತೆಗೆಸುತ್ತಾರಲ್ಲ ಎಂದು ಹಲ್ಲುಕಚ್ಚಿ ಕುಣಿದರು.

"ಈಗ ಈ ಕರಡಿಯ ತಲೆ ತೆಗೆದು ಇವತ್ತು ಒಳಗೆ ಯಾರಿದ್ದಾರೆ ನೋಡೋಣವಾ?" ಎಂದಳು ನಿರೂಪಕಿ. ಕಲಾವಿದರು ಓಡಿಬಂದು ಬಗ್ಗಿ ನಿಂತರು.

ಭಾವಮೈದ ದಡಬಡಿಸಿ ಎದ್ದು ಎರಡೂ ಕೈಯಿಂದ ಕರಡಿಯ ತಲೆಯನ್ನು ಅದುಮಿ ಹಿಡಿದ. "ಬೇಡ ಮೇಡಂ! ಮಕ್ಕಳು ನೋಡ್ತಿದಾರೆ. ಇದು ನಿಜವಾದ ಕರಡಿ ಅಂತಾನೇ ನಂಬಿರ್ತಾರೆ. ಅವರ ಮನಸ್ಸು ಮುರೀಬಾರದು. ನಾನು ಜೀವಮಾನವಿಡೀ ಮುಖ ತೋರಿಸದೇ ಇದ್ದಿದ್ದೂ ಅದಕ್ಕೇ."

ನಿರೂಪಕಿ ಕಣ್ಣೊರೆಸಿಕೊಂಡಳು. ಸ್ಟುಡಿಯೋ ಎದ್ದು ನಿಂತು ಚಪ್ಪಾಳೆ ತಟ್ಟಿತು. ನಿರ್ದೇಶಕ ಕ್ಯಾಮೆರಾದ ಹಿಂದಿನಿಂದ ಕೈಸನ್ನೆ ಮಾಡಿದ ಮೇಲೆ ಕರಡಿಯೂ ತಟ್ಟಿತು.