ಡಾಕ್ಟರ ಭಾಷಣ, ನನ್ನ ಅನುವಾದ

ಧೈರ್ಯ ಅನ್ನುವುದು ಜಾಗ ನೋಡಿ ಬರುವ ಗುಣ. ಇಬ್ರಾಹಿಂಪಟ್ನಂನ ವಿದ್ಯುತ್ ಸ್ಥಾವರದಲ್ಲಿ ಬಾಯ್ಲರ್ ಪಕ್ಕ ನಿಂತು ಟೀ ಕುಡಿಯುವ ನಾನು, ಆಟೋನಗರದ ಕಲ್ಯಾಣ ಮಂಟಪದಲ್ಲಿ ಮೈಕ್ ಹಿಡಿದು ಮಾತು ತಿರುಚಿ ಪಾರಾಗಲು ನೋಡಿದೆ. ಈಗಲೂ ಎಲ್ಲಾದರೂ ‘ಹಲೋ, ಮೈಕ್ ಟೆಸ್ಟಿಂಗ್’ ಅಂದರೆ ಬಾಗಿಲು ಯಾವ ಕಡೆ ಇದೆ ಅಂತ ನೋಡಿಕೊಳ್ಳುತ್ತೇನೆ.

ನಮ್ಮ ಕನ್ನಡ ಸಂಘದ ವಾರ್ಷಿಕೋತ್ಸವಕ್ಕೆ ವಿಶಾಖಪಟ್ಟಣದ ಡಾಕ್ಟರೊಬ್ಬರನ್ನು ಕರೆಸಿದ್ದೆವು. ಗಂಡ ಹೆಂಡಿರ ಏಕಾಂತದ ಬಗ್ಗೆ ಇಲ್ಲಿನ ತೆಲುಗು ಟಿವಿಯಲ್ಲಿ ಮೊದಲು ಬಾಯಿಬಿಟ್ಟವರು ಅವರೇ. ಅವರು ಬಂದೊಡನೆ ಮನೆಮನೆಯಲ್ಲೂ ವಾಲ್ಯೂಮ್ ಇಳಿಯುತ್ತಿತ್ತು, ಚಾನೆಲ್ ಮಾತ್ರ ಬದಲಾಗುತ್ತಿರಲಿಲ್ಲ. ನಮ್ಮ ಮನೆಯಲ್ಲಿ ನಾನು ಬದಲಿಸುತ್ತಿದ್ದೆ; ಹುಬ್ಬಳ್ಳಿಯಿಂದ ಬಂದು ನಮ್ಮೊಡನೆ ಇದ್ದ ಅತ್ತೆಯವರ ಮರ್ಯಾದೆಗಾಗಿ. ಅವರಿಗೆ ತೆಲುಗು ಬರುವುದಿಲ್ಲ ಅಂತಲೂ ನಂಬಿದ್ದೆ.

ಹೊಸದಾಗಿ ವರ್ಗವಾಗಿ ಬಂದ ಬ್ಯಾಂಕಿನವರಿಗೂ, ಊರಿಂದ ಬಂದ ಹಿರಿಯರಿಗೂ ತೆಲುಗು ತಿಳಿಯದು. ಕಾರ್ಯದರ್ಶಿಯಾದ್ದರಿಂದ ಅನುವಾದ ನನ್ನ ತಲೆಗೆ ಬಂತು. ಡಾಕ್ಟರು ನಿಂತವರೇ, “ಹಾಸಿಗೆಯ ಸುಖ ಗಂಡನೊಬ್ಬನ ಆಸ್ತಿಯಲ್ಲ. ನಿನಗೇನಿಷ್ಟ ಅಂತ ಎಷ್ಟು ಜನ ಹೆಂಡತಿಯನ್ನು ಕೇಳಿದ್ದೀರಿ?” ಅಂದರು, ತೆಲುಗಿನಲ್ಲಿ. ಮೊದಲ ಸಾಲಿನಲ್ಲಿ ಅತ್ತೆ, ಪಕ್ಕದಲ್ಲಿ ನನ್ನ ಹೆಂಡತಿ. ನನ್ನ ಬಾಯಿಂದ ಬಂದದ್ದು: “ಅಡಿಗೆಯಲ್ಲಿ ಹೆಂಡತಿಯ ರುಚಿಯನ್ನೂ ಕೇಳಬೇಕು ಅನ್ನುತ್ತಾರೆ.” ಇಲ್ಲೇ ಹುಟ್ಟಿ ಬೆಳೆದ, ಮನೆಯಲ್ಲೂ ತೆಲುಗೇ ಮಾತಾಡುವ ಹಿಂದಿನ ಸಾಲಿನ ಹೊಸ ದಂಪತಿಗಳು ಕರ್ಚೀಫು ಬಾಯಿಗೊತ್ತಿಕೊಂಡರು.

ಅತ್ತೆ ಎದ್ದು ನಿಂತರು. “ಅಳಿಯಂದ್ರ, ಅವರು ಅಡಿಗಿ ಸುದ್ದಿ ಎಲ್ಲಿ ತಗದ್ರು? ಹಾಸಿಗಿ ಸುದ್ದಿ ಹೇಳಾಕತ್ತಾರ.”

“ಅತ್ತೆ, ನಿಮಗೆ ತೆಲುಗು...”

“ನೀವು ಡ್ಯೂಟಿಗೆ ಹೋದ ಮ್ಯಾಲೆ ಮಧ್ಯಾಹ್ನ ಮತ್ತೊಮ್ಮೆ ಹಾಕ್ತಾರ್ರಿ ಇವರ ಪ್ರೋಗ್ರಾಂ. ಇವರಿಂದನ ಕಲ್ತೀನಿ.”

ಹಿಂದಿನ ಸಾಲಿನವರು ವಿಷಯ ತಿಳಿಸಿದ್ದೇ ಡಾಕ್ಟರು ಅತ್ತೆಯವರನ್ನು ತೆಲುಗಿನಲ್ಲಿ “ರಂಡಮ್ಮಾ”, ಅಂದರೆ ಬನ್ನಿ ತಾಯಿ, ಅಂತ ವೇದಿಕೆಗೆ ಕರೆದು, ನನ್ನ ಕೈಯ ಮೈಕ್ ತೆಗೆದು ಅವರಿಗೆ ಕೊಟ್ಟರು. ಮುಂದಿನದನ್ನೆಲ್ಲ ಅತ್ತೆ ಸೊಪ್ಪಿನ ದರ ಹೇಳುವಷ್ಟು ಸಲೀಸಾಗಿ ಕನ್ನಡಕ್ಕೆ ತಂದರು. ನಮ್ಮ ಅಧ್ಯಕ್ಷರು, ರಿಟೈರಾದ ಬ್ಯಾಂಕ್ ಮ್ಯಾನೇಜರು, ಸೀಲಿಂಗ್ ಫ್ಯಾನಿನ ರೆಕ್ಕೆ ನೋಡುತ್ತಾ ಕೂತರು. ಅವರ ಶ್ರೀಮತಿ ಮಾತ್ರ, “ಸ್ವಲ್ಪ ಜೋರಾಗಿ ಹೇಳ್ರೀ, ಕೇಳಿಸ್ತಿಲ್ಲ” ಅಂದರು.

ಕಾರ್ಯಕ್ರಮ ಮುಗಿದ ಮೇಲೆ ಅತ್ತೆಯವರನ್ನು ಅವರ ಹೊಸ ಅಭಿಮಾನಿಗಳು ಆಟೋದಲ್ಲಿ ಕರೆದೊಯ್ದರು. ಪಟಮಟದ ಮನೆಗೆ ಸ್ಕೂಟರಿನಲ್ಲಿ ನಾವಿಬ್ಬರೇ. ದಾರಿಯಲ್ಲಿ ಹೆಂಡತಿ ಬೆನ್ನ ಹಿಂದಿನಿಂದ, “ಡಾಕ್ಟರು ಕೇಳಿದ್ದಕ್ಕ ಒಬ್ಬ ಗಂಡಸೂ ಕೈ ಎತ್ತಲಿಲ್ಲ ನೋಡ್ರಿ” ಅಂದಳು.

“ನನ್ನ ಕೈಯಲ್ಲಿ ಮೈಕ್ ಇತ್ತಲ್ಲ.”

“ಈಗೇನೈತಿ?”

ಈಗ ಹ್ಯಾಂಡಲ್ ಇತ್ತು. ಮದುವೆಯಾಗಿ ಹನ್ನೆರಡು ವರ್ಷಕ್ಕೆ, ಲಾರಿಗಳ ಹಾರ್ನಿನ ನಡುವೆ, ಗಂಟಲು ಹರಿಯುವಂತೆ ಕೂಗಿದೆ: “ನಿನಗೇನಿಷ್ಟ?”

ಅವಳು ಕಿವಿಗೆ ಬಾಯಿಟ್ಟು ಹೇಳತೊಡಗಿದಳು. ಪಟಮಟ ಬಂತು, ನಮ್ಮ ಬೀದಿ ಬಂತು, ಮನೆಯ ಗೇಟೂ ಬಂತು, ಉತ್ತರ ಮುಗಿಯಲಿಲ್ಲ. ನಿಲ್ಲಿಸಿದರೆ ಅವಳ ಮುಖ ನೋಡಬೇಕಾಗುತ್ತದಲ್ಲ ಎಂದು ಹೆದರಿ, ಇನ್ನೊಂದು ಸುತ್ತು ಹಾಕಿದೆ.