ಸ್ವಪ್ನ ಬಿತ್ತು!

“ನನ್ನ ಮಗಳಿಗೆ ನಾನಿಡೋ ಹೆಸರು ಈ ಊರಲ್ಲಿ ಇನ್ನೊಂದು ಮಗುವಿಗೆ ಇರಬಾರದು! ಅರ್ಥ ಕೇಳಿದವರು ತಲೆದೂಗಬೇಕು, ಮೂಲ ಕೇಳಿದವರು ಕೈಮುಗೀಬೇಕು!”

ದಿಂಬಣ್ಣ ಹೀಗೆ ಘೋಷಿಸಿದಾಗ ಅವನ ಒಂದು ಕೈಯಲ್ಲಿ ಹಾಲಿನ ಬಾಟಲಿಯೂ ಇನ್ನೊಂದರಲ್ಲಿ ಮಗುವಿನ ಒದ್ದೆ ಬಟ್ಟೆಯೂ ಇದ್ದವು. ಅಂಥ ಭಂಗಿಯಲ್ಲಿ ನಿಂತು ಇಷ್ಟು ದೊಡ್ಡ ಪ್ರತಿಜ್ಞೆ ಮಾಡಿದ ಗಂಡಸು ಭೂಮಂಡಲದಲ್ಲಿ ಇನ್ನೊಬ್ಬನಿರಲಾರ!

ಹಠಕ್ಕೆ ಕಾರಣವೂ ಇತ್ತು. ಅವನು ಹಾಸಿಗೆ ಅಂಗಡಿಯಲ್ಲಿ ಮಾರಾಟದ ಕೆಲಸಕ್ಕಿದ್ದ. ಸೇರಿದ ಹೊಸತರಲ್ಲಿ ಬೀದಿಯವರು ತಮಾಷೆಗೆ ‘ದಿಂಬಣ್ಣ’ ಅಂದರು. ಅಂದದ್ದು ಅಂಟಿಕೊಂಡಿತು. ಅಪ್ಪ ಅಮ್ಮ ಅಕ್ಕರೆಯಿಂದ ಇಟ್ಟ ಹೆಸರು ಎಲ್ಲೋ ಹತ್ತಿಯೊಳಗೆ ಹೂತುಹೋಯಿತು. ಕೊನೆಗೆ ಹೆಣ್ಣು ಕೊಟ್ಟ ಅತ್ತೆಯೂ ನೆಂಟರ ಮುಂದೆ “ನಮ್ಮ ದಿಂಬಳಿಯಂದಿರು” ಎನ್ನತೊಡಗಿದರು. ಮಗಳಿಗೆ ಈ ಗತಿ ಬರಬಾರದು!

“ರೀ, ಅರ್ಥ, ಮೂಲ ಎಲ್ಲ ಆಮೇಲೆ ನೋಡೋಣ,” ತೊಟ್ಟಿಲು ತೂಗುತ್ತಿದ್ದ ಹೆಂಡತಿ ಆಕಳಿಸಿದಳು. “ಕೂಗಿದ್ರೆ ಸಲೀಸಾಗಿ ಬಾಯಿಗೆ ಬರೋ ಹಾಗಿರ್ಲಿ, ಸಾಕು.”

“ನೀನು ಸುಮ್ನಿರೇ. ಇದು ಮಗು ಹೆಸರು, ಬೆಕ್ಕಿನ ಹೆಸರಲ್ಲ!”

ಮಹಡಿಯ ಮೇಲಿನ ಮನೆಯಲ್ಲಿ ನಿವೃತ್ತ ಭಾಷಾ ಮೇಷ್ಟ್ರು ಇದ್ದರು. ದಿಂಬಣ್ಣ ಬಾಟಲಿ ಸಮೇತ ಮೆಟ್ಟಿಲು ಹತ್ತಿದ.

“ನಿನಗೆ ಲೋಕದಲ್ಲಿ ಬಹಳ ಇಷ್ಟವಾದದ್ದು ಏನಪ್ಪಾ?” ಮೇಷ್ಟ್ರು ಕೇಳಿದರು.

ದಿಂಬಣ್ಣ ಸುಳ್ಳು ಹೇಳಲಿಲ್ಲ. “ಕನಸು ಮೇಷ್ಟ್ರೇ. ಅದೂ ಮಧ್ಯಾಹ್ನ ಊಟ ಆದ್ಮೇಲೆ ಬೀಳೋದು.”

“ಹಾಗಾದ್ರೆ ‘ಸ್ವಪ್ನ’ ಅಂತಿಡು. ಸಂಸ್ಕೃತ ಪದ. ‘ಸ್ವಪ್’ ಅನ್ನೋ ಧಾತು, ಅಂದ್ರೆ ಮಲಗು. ಸುಪ್ತ, ಸುಷುಪ್ತಿ ಇವೆಲ್ಲ ಅದೇ ಮನೆತನದವು. ಸ್ವಪ್ನ ಅಂದ್ರೆ ಕನಸು ಅಂತಲೂ ಹೌದು, ನಿದ್ದೆ ಅಂತಲೂ ಹೌದು.”

“ನಿದ್ದೆಯೂ ಇದೆಯಾ ಅದರೊಳಗೆ!” ದಿಂಬಣ್ಣನ ಕಣ್ಣಲ್ಲಿ ನೀರಾಡಿತು. ಹಾಸಿಗೆ ಮಾರುವವನ ಮಗಳಿಗೆ ಇದಕ್ಕಿಂತ ಒಪ್ಪುವ ಹೆಸರುಂಟೇ!

ಹೆಂಡತಿ ಮಾತ್ರ ಮೂಗು ಮುರಿದಳು. “ಸ್ವಪ್ನಾನಾ? ನಮ್ಮ ಕ್ಲಾಸಿನಲ್ಲೇ ಉದ್ದ ಸ್ವಪ್ನ, ಗಿಡ್ಡ ಸ್ವಪ್ನ, ಹಿಂದಿನ ಬೆಂಚಿನ ಸ್ವಪ್ನ ಅಂತ ಇದ್ರು. ಟೀಚರ್ ‘ಸ್ವಪ್ನಾ’ ಅಂದ್ರೆ ಅರ್ಧ ಕ್ಲಾಸು ಎದ್ದು ನಿಲ್ತಿತ್ತು. ಅಪರೂಪದ್ದು ಹುಡುಕ್ತೀನಿ ಅಂದ್ರಲ್ಲಾ?”

ದಿಂಬಣ್ಣ ಮತ್ತೆ ಮೇಷ್ಟ್ರ ಬಳಿಗೆ ಓಡಿದ. ಮೇಷ್ಟ್ರು ನಕ್ಕರು. “ಹೆಸರೂ ಪ್ಯಾಂಟಿನ ಹಾಗೇ ಕಣಪ್ಪಾ. ಒಂದು ಕಾಲಕ್ಕೆ ಎಲ್ಲರಿಗೂ ಅಗಲ, ಇನ್ನೊಂದು ಕಾಲಕ್ಕೆ ಎಲ್ಲರಿಗೂ ಬಿಗಿ. ಆ ಸ್ವಪ್ನಗಳೆಲ್ಲ ಈಗ ಮಕ್ಕಳ ತಾಯಂದಿರು. ಅವರ ಮಕ್ಕಳಲ್ಲಿ ಒಂದಾದ್ರೂ ಸ್ವಪ್ನ ಇದ್ಯಾ, ನೋಡು!”

ಬೀದಿಯಿಡೀ ವಿಚಾರಿಸಿದ. ಇರಲಿಲ್ಲ! ಹಾಗೆ ಮಗು ಸ್ವಪ್ನ ಆಯಿತು. ಹೆಸರು ಜನರ ಬಾಯಲ್ಲಿ ಮತ್ತೆ ಓಡಾಡಲೆಂದು ದಿಂಬಣ್ಣ ಅಂದಿನಿಂದ ‘ಕನಸು’ ಎಂಬ ಮಾತನ್ನೇ ಬಿಟ್ಟ. ಗಿರಾಕಿಗಳಿಗೂ “ಇದರ ಮೇಲೆ ಮಲಗಿದ್ರೆ ಸಿಹಿ ಸ್ವಪ್ನ ಗ್ಯಾರಂಟಿ ಸಾರ್!” ಎನ್ನುತ್ತಿದ್ದ.

ಆದರೆ ಸ್ವಪ್ನ ನಿದ್ದೆ ಮಾಡಲಿಲ್ಲ! ತೊಟ್ಟಿಲು ತೂಗಿದರೂ ಇಲ್ಲ, ಹೆಗಲಿಗೆ ಹಾಕಿಕೊಂಡು ಮನೆಯಿಡೀ ತಿರುಗಿದರೂ ಇಲ್ಲ. ಎರಡು ದೊಡ್ಡ ಕಣ್ಣು ತೆರೆದು, ಅಪ್ಪ ಅಮ್ಮ ಸರದಿಯ ಮೇಲೆ ತೂಕಡಿಸುವುದನ್ನು ಬಹಳ ಆಸಕ್ತಿಯಿಂದ ನೋಡುತ್ತಿತ್ತು. ಅವರು ಕಣ್ಣು ಮುಚ್ಚಿದರೋ, ರಾಗ ಶುರು!

“ಹೆಸರೊಳಗೇ ನಿದ್ದೆ ಇದೆ ಅಂದ್ರಲ್ಲ, ಎಲ್ರೀ ಅದು?” ಹೆಂಡತಿಯ ಕಣ್ಣ ಕೆಳಗೆ ಕಪ್ಪಾಗಿತ್ತು.

ದಿಂಬಣ್ಣ ದೂರನ್ನು ಮಹಡಿಗೆ ಸಾಗಿಸಿದ. ಮೇಷ್ಟ್ರು ಕನ್ನಡಕ ಒರೆಸಿಕೊಂಡರು. “ನಿದ್ದೆ ಧಾತುವಿನಲ್ಲಿದೆಯಪ್ಪಾ. ಮಗುವಿನಲ್ಲೂ ಇರಬೇಕು ಅಂತ ವ್ಯಾಕರಣದಲ್ಲಿ ನಿಯಮ ಇಲ್ಲ.”

ಹೀಗಿರುವಾಗ ಒಂದು ಮಧ್ಯಾಹ್ನ ಅಂಗಡಿಯಲ್ಲಿ ಗಿರಾಕಿಗಳಿರಲಿಲ್ಲ. ಮಾಲೀಕರು ಹಿಂದಿನ ಉಗ್ರಾಣದಲ್ಲಿದ್ದರು. ಗಾಜಿನ ಕಿಟಕಿಯ ಹಿಂದೆ ಪ್ರದರ್ಶನದ ಮಂಚ. ಅದರ ಮೇಲೆ ಅಂಗಡಿಯ ಅತಿ ದುಬಾರಿ ಹಾಸಿಗೆ. ಪಕ್ಕದಲ್ಲಿ ಮಾಲೀಕರೇ ಬರೆದ ಫಲಕ: ‘ಮುಟ್ಟಿ ನೋಡಿ. ಮಲಗಬೇಡಿ.’ ದಿಂಬಣ್ಣ ಹೊದಿಕೆಯ ಸುಕ್ಕು ತೆಗೆಯಲು ಬಗ್ಗಿದ. ಮೂಲೆಗೆ ಕೈ ಎಟುಕಲಿಲ್ಲವೆಂದು ಒಂದು ಮೊಣಕಾಲೂರಿದ. ಇನ್ನೊಂದನ್ನೂ ಊರಿದ. ಕೆನ್ನೆಗೆ ದಿಂಬು ತಾಗಿತು. ಅಷ್ಟೇ!

ಅಂಗಡಿಯ ಗೋಡೆಗಳು ಮೆಲ್ಲಗೆ ಹಿಂದೆ ಸರಿದವು. ನೆಲ ಹತ್ತಿಯಾಯಿತು. ಹತ್ತಿಯ ನಡುವೆ ಒಂದು ಬೀದಿ, ಬೀದಿಯ ಎರಡೂ ಕಡೆ ಬೆಳ್ಳನೆಯ ಮನೆಗಳು, ಯಾವ ಮನೆಗೂ ಬಾಗಿಲಿಲ್ಲ, ಪರದೆಗಳಷ್ಟೇ. ಗಾಳಿಗೆ ಪರದೆ ಸರಿದಾಗಲೆಲ್ಲ ಒಬ್ಬೊಬ್ಬ ಹೆಂಗಸು ಹೊರಗೆ ಬಂದು ಮುಗುಳ್ನಗುತ್ತಿದ್ದಳು. ಒಬ್ಬಳು ಉದ್ದ, ಒಬ್ಬಳು ಗಿಡ್ಡ, ಒಬ್ಬಳು ಹಿಂದೆ ಹಿಂದೆಯೇ ನಿಂತವಳು. ದಿಂಬಣ್ಣನ ಕೈ ಹಿಡಿದು ನೀಲಿ ಫ್ರಾಕಿನ ಹುಡುಗಿಯೊಬ್ಬಳು ನಡೆಯುತ್ತಿದ್ದಳು. ಅವನ ಮಗಳೇ! ಯಾವಾಗ ಇಷ್ಟು ದೊಡ್ಡವಳಾದಳು? “ಅಪ್ಪಾ, ಇಲ್ಲಿ ಎಲ್ಲರೂ ನನ್ನ ಹೆಸರಿನವರೇ,” ಎಂದಳು. ಅವನಿಗೆ ಒಂದಿಷ್ಟೂ ಬೇಜಾರಾಗಲಿಲ್ಲ. ಅಷ್ಟು ಜನರ ನಡುವೆಯೂ ಆ ಹೆಸರು ಇವಳೊಬ್ಬಳಿಗೇ ಹೊಲಿಸಿದಂತೆ ಕಾಣುತ್ತಿತ್ತು. ಅವಳು ಮೆಲ್ಲನೆ ಕೈ ಬಿಡಿಸಿಕೊಂಡಳು. ಹತ್ತಿಯ ಎಳೆಯಂತೆ ಹಗುರಾಗಿ, ನಗುತ್ತ, ಮೇಲಕ್ಕೆ, ಇನ್ನೂ ಮೇಲಕ್ಕೆ…

ಕಿಸೆಯಲ್ಲಿ ಫೋನು ಗುರುಗುಟ್ಟಿತು. ಅತ್ತೆ.

“ಅಳಿಯಂದಿರೇ, ಎಲ್ಲ ಆರಾಮಾ?”

“ಅತ್ತೆ…” ದಿಂಬಣ್ಣನ ಕಣ್ಣು ಇನ್ನೂ ತೆರೆದಿರಲಿಲ್ಲ. “ಈಗಷ್ಟೇ ಸ್ವಪ್ನ ಬಿತ್ತು.”

“ಅಯ್ಯಯ್ಯೋ! ಬಿತ್ತಾ? ಅಳ್ತಿದ್ಯಾ?”

“ಇಲ್ಲ ಅತ್ತೆ. ನಗ್ತಾ ನಗ್ತಾ ಮೇಲಕ್ಕೆ ಹೋಯ್ತು.”

“ಏನು ಹೇಳ್ತಿದ್ದೀರಿ ನೀವು!”

“ತುಂಬಾ ಚೆನ್ನಾಗಿತ್ತು. ನಿಮ್ಮ ಫೋನ್ ಬಂತಲ್ಲ, ಅಷ್ಟರಲ್ಲಿ ಹೋಗ್ಬಿಡ್ತು.”

ಅತ್ತೆಯ ದನಿ ನಡುಗಿತು. “ನನ್ನ ಮಗಳಿಗೆ ಗೊತ್ತಾ?”

“ಇನ್ನೂ ಹೇಳಿಲ್ಲ ಅತ್ತೆ. ಸಾಯಂಕಾಲ ಕಾಫಿ ಕುಡೀತಾ ನಿಧಾನಕ್ಕೆ ಹೇಳ್ತೀನಿ.”

ಫೋನು ಕೈಜಾರಿ ಮಂಚದ ಸಂದಿಗೆ ಬಿತ್ತು. ದಿಂಬಣ್ಣ ಬಿಟ್ಟುಬಂದ ಬೀದಿಯನ್ನು ಹುಡುಕಿಕೊಂಡು ಮತ್ತೆ ಹತ್ತಿಯೊಳಗೆ ಇಳಿದ.

ಅತ್ತೆ ಮಗಳಿಗೆ ಫೋನು ಮಾಡಿದರು. ಎತ್ತಲಿಲ್ಲ. ಮತ್ತೆ ಮಾಡಿದರು. ಎತ್ತಲಿಲ್ಲ. ಅಳಿಯನಿಗೆ ಮಾಡಿದರೆ ಅದು ಸಂದಿಯಲ್ಲಿ ಒಂದೇ ಸಮ ಗುರುಗುಟ್ಟಿತು. ಬಾಡಿಗೆ ಕಾರು ಹತ್ತಿ ಮಗಳ ಮನೆಗೆ ಹೊರಟವರು ದಾರಿಯಲ್ಲೇ ಅಂಗಡಿಗೆ ಫೋನು ಹಚ್ಚಿದರು.

ಅಂಗಡಿಯಲ್ಲಾಗಲೇ ವಯಸ್ಸಾದ ಗಂಡ ಹೆಂಡತಿ ಬಂದು ಮಂಚದೆದುರು ನಿಂತಿದ್ದರು. “ನೋಡ್ರೀ, ಎಂಥಾ ನಿದ್ದೆ! ಮುಖದ ಮೇಲೆ ನಗು ನೋಡಿ! ನಮಗೂ ಇದೇ ಹಾಸಿಗೆ ಇರ್ಲಿ,” ಎನ್ನುತ್ತಿದ್ದಳು ಹೆಂಡತಿ. ಬೈಯುವುದೋ ಬಿಲ್ಲು ಬರೆಯುವುದೋ ತಿಳಿಯದೆ ಮಾಲೀಕರು ಒದ್ದಾಡುತ್ತಿದ್ದಾಗ ಅಂಗಡಿಯ ಫೋನು ರಿಂಗಣಿಸಿತು. ಕೇಳಿದವರ ಮುಖದ ಬಣ್ಣವೇ ಇಳಿಯಿತು. ಓಡಿ ಬಂದು ದಿಂಬಣ್ಣನ ಹೆಗಲು ಅಲ್ಲಾಡಿಸಿದರು.

“ಏಳಯ್ಯಾ! ಸ್ವಪ್ನ ಬಿತ್ತಂತೆ!”

“ಹೌದು ಸಾರ್,” ದಿಂಬಣ್ಣ ನಾಚಿಕೊಂಡ. “ನಿಮಗೆ ಹೇಗೆ ಗೊತ್ತಾಯ್ತು?”

“ನಿಮ್ಮ ಅತ್ತೆ ಅಳ್ತಾ ಇದ್ದಾರಯ್ಯಾ! ಮಗು! ನಿನ್ನ ಮಗು ಬಿದ್ದಿದ್ಯಂತೆ!”

ಅತ್ತೆಯ ಜೊತೆ ಆಡಿದ ಮಾತು ಅಷ್ಟರಲ್ಲಿ ದಿಂಬಣ್ಣನ ತಲೆಯಿಂದ ಹತ್ತಿಯಂತೆ ಹಾರಿಹೋಗಿತ್ತು. ಚಪ್ಪಲಿ ಮೆಟ್ಟಲೂ ನೆನಪಾಗದೆ, ತಬ್ಬಿಕೊಂಡಿದ್ದ ದಿಂಬನ್ನೂ ಬಿಡದೆ ಬೀದಿಗೆ ಹಾರಿದ. ಬೆಲೆಚೀಟಿ ನೇತಾಡುತ್ತಿದ್ದ ದಿಂಬನ್ನು ಎದೆಗವಚಿಕೊಂಡು ಬರಿಗಾಲಲ್ಲಿ ಓಡುವವನನ್ನು ಕಂಡು ಕಳ್ಳನೆಂದುಕೊಂಡು ಒಂದಿಬ್ಬರು ಬೆನ್ನಟ್ಟಿದರು. ಕಣ್ಣೀರು ಕಂಡು ಅವರೇ ದಾರಿ ಬಿಟ್ಟರು. ಹೆಸರೂ ಬೇಡ, ಅರ್ಥವೂ ಬೇಡ, ಹುಚ್ಚು ಧಾತುವೂ ಬೇಡ. ಜನ್ಮವೆಲ್ಲ ನಿದ್ದೆಗೆಟ್ಟರೂ ಸರಿ, ಆ ಎರಡು ಕಣ್ಣು ತೆರೆದಿರಲಿ! ಇಷ್ಟೇ ಅವನು ದಾರಿಯುದ್ದಕ್ಕೂ ಬೇಡಿಕೊಂಡದ್ದು.

ಮನೆಯೆದುರು ಕಾರು ನಿಂತಿತ್ತು. ಅತ್ತೆ ಅಳುತ್ತ ಇಳಿಯುತ್ತಿದ್ದರು. ಮಗು ಬಿತ್ತೆಂಬ ಅವರ ಗೋಳು ಕೇಳಿ ಮೇಷ್ಟ್ರೂ ಮಹಡಿಯಿಂದ ಬಿದ್ದು ಎದ್ದು ಬಂದಿದ್ದರು. ಮೂವರೂ ಸೇರಿ ಬಾಗಿಲು ಬಡಿದರು. ದಬದಬ! ದಬದಬ!

ಒಳಗಿನಿಂದ ಮಗುವಿನ ಅಳು ಕೇಳಿತು. ಅಷ್ಟು ಇಂಪಾದ ಸಂಗೀತವನ್ನು ದಿಂಬಣ್ಣ ಹುಟ್ಟಿದಂದಿನಿಂದ ಕೇಳಿರಲಿಲ್ಲ! ಮೆಟ್ಟಿಲ ಮೇಲೇ ಕುಸಿದು ಕುಳಿತ.

ಬಾಗಿಲು ತೆರೆಯಿತು. ಹೆಂಡತಿಯ ಕೂದಲು ಕೆದರಿತ್ತು, ಕೆನ್ನೆಯ ಮೇಲೆ ಹೊದಿಕೆಯ ಗೆರೆಗಳು. ಹೆಗಲ ಮೇಲೆ ಸ್ವಪ್ನ, ಗಟ್ಟಿಮುಟ್ಟಾಗಿ.

“ಎಲ್ಲಿ ಬಿತ್ತು? ಪೆಟ್ಟಾಯ್ತಾ?” ಮೂವರೂ ಒಟ್ಟಿಗೆ ಕೇಳಿದರು.

“ಯಾರು ಬಿದ್ದದ್ದು?” ಹೆಂಡತಿ ಕಣ್ಣುಜ್ಜಿಕೊಂಡಳು. “ಹುಟ್ಟಿದ ಮೇಲೆ ಮೊದಲ್ನೇ ಸಲ ಹಗಲು ಹೊತ್ತು ಮಲಗಿತ್ತು ಮಗು. ಫೋನಿನ ಸದ್ದು ಅಡಗಿಸಿ ನಾನೂ ಒಂದಿಷ್ಟು ಮಲಗಿದ್ದೆ. ಯಾರು ಹೇಳಿದ್ದು ಬಿತ್ತು ಅಂತ?”

“ನನಗೆ ಮಾಲೀಕರು ಹೇಳಿದ್ರು,” ಎಂದ ದಿಂಬಣ್ಣ.

“ಅವರಿಗೆ ನಾನು ಹೇಳಿದೆ,” ಎಂದರು ಅತ್ತೆ.

“ನಿನಗ್ಯಾರಮ್ಮ ಹೇಳಿದ್ದು?”

“ಇವರೇ ಅಲ್ವೇನೇ ಫೋನಲ್ಲಿ ಹೇಳಿದ್ದು! ಈಗಷ್ಟೇ ಸ್ವಪ್ನ ಬಿತ್ತು, ನಗ್ತಾ ಮೇಲಕ್ಕೆ ಹೋಯ್ತು ಅಂತ!”

ಎಲ್ಲರೂ ದಿಂಬಣ್ಣನ ಕಡೆ ತಿರುಗಿದರು. ಮೇಷ್ಟ್ರು ಬಾಯಿಗೆ ಕೈ ಅಡ್ಡ ಹಿಡಿದು ಸದ್ದಿಲ್ಲದೆ ಮಹಡಿಯ ದಾರಿ ಹಿಡಿದರು. ಅತ್ತೆ ಸೆರಗಿನಿಂದ ಮುಖ ಒರೆಸಿಕೊಂಡು, ಕಾರಿನವನನ್ನು ಕಳಿಸಿ ಬರುವ ನೆಪದಲ್ಲಿ ಗೇಟಿನ ಕಡೆ ನಡೆದರು.

“ಕನಸು ಕಣೇ,” ದಿಂಬಣ್ಣ ಬಹಳ ದಿನದ ಮೇಲೆ ಆ ಮಾತನ್ನಾಡಿದ. “ನನಗೆ ಬಿದ್ದದ್ದು… ಕನಸು.”

ಹೆಂಡತಿ ಬೈಯಲಿಲ್ಲ. ಅವನನ್ನೂ, ಅವನ ಬರಿಗಾಲನ್ನೂ, ತೇವವಾದ ಕಣ್ಣುಗಳನ್ನೂ ಒಂದು ಗಳಿಗೆ ನೋಡಿದಳು. ಆಮೇಲೆ ಅವನ ತೋಳಿನಿಂದ ದಿಂಬನ್ನು ಎಳೆದುಕೊಂಡು, ಆ ಜಾಗಕ್ಕೆ ಮಗುವನ್ನಿಟ್ಟಳು.

“ತಗೊಳ್ಳಿ, ನಿಮ್ಮ ಸ್ವಪ್ನಾನ ನೀವೇ ನೋಡ್ಕೊಳ್ಳಿ. ನಂದು ಅರ್ಧಕ್ಕೇ ನಿಂತಿದೆ!”

ಕೋಣೆಯ ಬಾಗಿಲು ಮುಚ್ಚಿತು. ಒಳಗಿನಿಂದ ಚಿಲಕ ಬಿತ್ತು.